ಇನ್ನೂರ ಹನ್ನೆರಡನೆಯ ಕಲ್ಲಿನ ಬಾಣ

ಜನವರಿ 3, 1984

ಪ್ರೀತಿಯ ಬಾಣದಕ್ಕನಿಗೆ ತಮ್ಮನ ನಮಸ್ಕಾರ.

ಅಮ್ಮನಿಗೆ ಓದಿ ಹೇಳುವಾಗ ಮೊದಲು ಇಷ್ಟನ್ನು ಓದು: ನಾನು ಹೊಟ್ಟೆತುಂಬ ಉಣ್ಣುತ್ತಿದ್ದೇನೆ, ಎರಡೆರಡು ಸ್ವೆಟರ್ ಹಾಕುತ್ತಿದ್ದೇನೆ, ಹೆಲ್ಮೆಟ್ಟಿಲ್ಲದೆ ಸುರಂಗದೊಳಗೆ ಕಾಲಿಡುವುದಿಲ್ಲ. ಉಳಿದದ್ದೆಲ್ಲ ನಿನಗೆ.

ನನ್ನ ತಗಡಿನ ಆಫೀಸಿನ ಗೋಡೆಯಲ್ಲಿ ಏನು ತೂಗುಹಾಕಿದ್ದಾರೆ ಹೇಳು ನೋಡೋಣ. ಈ ಬೆಟ್ಟದ ಕಲ್ಲುಪದರಗಳನ್ನು ಅಳೆದು ಅಪ್ಪ ಬರೆದ ನಕ್ಷೆ! ಬಣ್ಣ ಮಾಸಿದೆ, ಒಂದು ಮೂಲೆಯಲ್ಲಿ ಯಾರೋ ಚಹಾ ಲೋಟ ಇಟ್ಟ ಗುರುತಿದೆ, ಆದರೆ ಕೆಳಗೆ ಅಪ್ಪನ ಸಹಿ ಇನ್ನೂ ಕಪ್ಪಗಿದೆ. ಬಂದ ದಿನವೇ ದೊಡ್ಡ ಸಾಹೇಬರು, ಅಂದರೆ ಈ ಸುರಂಗದ ಮುಖ್ಯ ಇಂಜಿನಿಯರು, ನನ್ನ ಬೆನ್ನು ತಟ್ಟಿ, “ನಿಮ್ಮಪ್ಪ ಈ ಬೆಟ್ಟದ ಹೊಟ್ಟೆ ಒಳಗೇ ಕಣ್ಣಿಟ್ಟಿದ್ದೋರು ಕಣ್ರೀ. ನೀವು ಆ ಕಣ್ಣಲ್ಲಿ ನೋಡಿದ್ರೆ ಸಾಕು” ಎಂದರು. ಅಪ್ಪ ಹೋಗಿ ಎರಡು ವರ್ಷವಾದ ಮೇಲೆ ಇಂಥ ಮಾತು ಕೇಳಿದ್ದು ಇದೇ ಮೊದಲು.

ಸುರಂಗ ಇವತ್ತಿಗೆ 1,320 ಮೀಟರ್ ಒಳಗೆ ಹೋಗಿದೆ. ಬೆಟ್ಟದ ಆಚೆಯ ಹೊಳೆಯ ನೀರು ಈಚೆಯ ಊರುಗಳ ನಲ್ಲಿಗೆ ಬರಬೇಕಾದರೆ ಇನ್ನೂ ಇದರ ಎರಡರಷ್ಟು ಕೊರೆಯಬೇಕು. ಸುರಂಗದ ಕೊನೆಯ ಗೋಡೆಗೆ ಇಲ್ಲಿ ‘ಮುಖ’ ಎನ್ನುತ್ತಾರೆ. ಅದರಲ್ಲಿ ತೂತು ಕೊರೆದು, ಮದ್ದು ತುಂಬಿ, ಸಿಡಿಸಿ, ಕಲ್ಲು ಹೊರಗೆ ಸಾಗಿಸಿ, ಮತ್ತೆ ತೂತು. ದಿನಕ್ಕೆ ಒಂಬತ್ತು ಮೀಟರ್. ಅಲ್ಲಿ ಕೆಲಸ ಮಾಡುವವರ ಮೇಸ್ತ್ರಿ ಒಬ್ಬರು ಪುಣ್ಯಾತ್ಮರು, ಅವರ ಮೀಸೆಯೇ ಅರ್ಧ ಕಿಲೋ ತೂಗೀತು. ಸಲಾಕೆಯಿಂದ ತಟ್ಟಿ, ಸದ್ದಿನಲ್ಲೇ ಕಲ್ಲು ಗಟ್ಟಿಯೋ ಪೊಳ್ಳೋ ಹೇಳುತ್ತಾರೆ. ಒಳಗೆ ಹೋಗುವ ಪ್ರತಿಯೊಬ್ಬರೂ ಬಾಗಿಲ ಬಳಿಯ ಹಲಗೆಗೆ ತಮ್ಮ ತಗಡಿನ ಬಿಲ್ಲೆ ತೂಗುಹಾಕಬೇಕು, ಹೊರಗೆ ಬಂದಾಗ ತೆಗೆದುಕೊಳ್ಳಬೇಕು. ಮೇಸ್ತ್ರಿ ಬಿಲ್ಲೆ ಹಾಕುವ ಮುಂಚೆ ದಿನವೂ ನನ್ನ ಕಡೆ ತಿರುಗಿ, ಮುಂದೆ ಬರುವ ಕಲ್ಲಿನ ಬಗ್ಗೆ ಒಂದೇ ಪ್ರಶ್ನೆ ಕೇಳುತ್ತಾರೆ: “ಸಾರ್, ನೋಡಿದ್ದೀರಾ?” ನಾನು “ನೋಡಿದ್ದೀನಿ” ಎಂದರೆ ಒಳಗೆ ಹೆಜ್ಜೆ. ಇಲ್ಲವಾದರೆ ಬಂಡೆಯಂತೆ ನಿಂತುಬಿಡುತ್ತಾರೆ.

ಈಗ ಕೆಲಸದ ಮಾತು. ಸುರಂಗದ 1,700ನೆಯ ಮೀಟರಿನ ನೆತ್ತಿಯ ಮೇಲೆ ಆ ಕಡಿದಾದ ಕೊರಕಲು ಬರುತ್ತದೆ. ನೀನು ಹತ್ತೊಂಬತ್ತು ವರ್ಷದವಳಿದ್ದಾಗ ಒಬ್ಬಳೇ ಹತ್ತಿ ಅಪ್ಪನ ಸಂಗ್ರಹಕ್ಕೆ 212ನೆಯ ಕಲ್ಲು ತಂದೆಯಲ್ಲ, ಅದೇ. ಅಲ್ಲಿಯ ಪದರಗಳು ನೆಟ್ಟಗಿವೆ, ತಲೆಕೆಳಗಾಗಿಲ್ಲ, ಆದ್ದರಿಂದ ಅರೆದು ಪುಡಿಯಾದ ಆ ಹಿಟ್ಟುಗಲ್ಲಿನ ಪಟ್ಟಿ ನಮ್ಮ ತಲೆಯ ಮೇಲಿಂದ ಬಹಳ ಎತ್ತರದಲ್ಲಿ ಹಾದುಹೋಗುತ್ತದೆ ಎಂದು ಅಪ್ಪನ ನಕ್ಷೆ ಹೇಳುತ್ತದೆ. ಇಲ್ಲಿಯ ನಿಯಮದ ಪ್ರಕಾರ, ಮುಂದೆ ಏನಿದೆ ಎಂದು ತಿಳಿಯಲು ಆಗಾಗ ಮೂವತ್ತು ಮೀಟರ್ ಉದ್ದದ ಶೋಧದ ತೂತು ಕೊರೆಯಬೇಕು. ಪ್ರತಿ ಸಲ ಅರ್ಧ ದಿನ ಹಾಳು. 2,000 ಮೀಟರಿನ ತನಕ ಬರೀ ಗಟ್ಟಿಕಲ್ಲು, ಶೋಧದ ತೂತು ಬೇಡ ಎಂದು ನಾನು ಬರೆದುಕೊಟ್ಟರೆ ಸಾಹೇಬರು ನನ್ನನ್ನು ಹೆಗಲ ಮೇಲೆ ಕೂರಿಸಿಕೊಳ್ಳುತ್ತಾರೆ. ಅಪ್ಪನ ಟಿಪ್ಪಣಿ ಪುಸ್ತಕ ನಿನ್ನ ವಸ್ತುಸಂಗ್ರಹಾಲಯದ ಉಗ್ರಾಣದಲ್ಲೇ ಇದೆಯಲ್ಲ, 212ರ ಪುಟ ನಕಲು ಮಾಡಿ ಕಳಿಸು.

‘ಮೊದಲು ಬಾಣ, ಆಮೇಲೆ ಸುತ್ತಿಗೆ.’ ನೆನಪಿದೆಯಾ? ಬೆಟ್ಟದಿಂದ ಕಲ್ಲು ಒಡೆಯುವ ಮುಂಚೆ ಆಕಾಶ ಯಾವ ಕಡೆ ಎಂದು ಅದರ ಮೇಲೆ ಬಾಣ ಬರೆಯದವರನ್ನು ಅಪ್ಪ ಊಟಕ್ಕೇ ಕೂರಿಸುತ್ತಿರಲಿಲ್ಲ. ಆ ಬಾಣ ಬರೆಯುವ ಪಟ್ಟ ನಿನಗೆ ಸಿಕ್ಕಿತ್ತು. ನನಗೆ ಆಗ ಹತ್ತು ವರ್ಷ, ಹೊಟ್ಟೆಕಿಚ್ಚಿನಲ್ಲಿ ಸುಟ್ಟುಹೋಗಿದ್ದೆ.

ನಿನ್ನ ತಮ್ಮ

ಜನವರಿ 11, 1984

ಚಿರಂಜೀವಿ ತಮ್ಮನಿಗೆ ಅಕ್ಕನ ಆಶೀರ್ವಾದ.

ನಿನ್ನ ಕಾಗದ ಓದಿ ಅಮ್ಮ ಎರಡು ಸ್ವೆಟರ್ ಸಾಲದು ಎಂದು ಮೂರನೆಯದಕ್ಕೆ ಉಲ್ಲನ್ ತಂದಿದ್ದಾರೆ. ನಾನು ದಿನವಿಡೀ ವಸ್ತುಸಂಗ್ರಹಾಲಯದ ನೆಲಮಾಳಿಗೆಯಲ್ಲಿ ಕಲ್ಲುಗಳ ಜೊತೆಯೇ ಇರುವವಳು. “ಮನೇಲಿ ಬೇಳೆ ಒಳಗಿನ ಕಲ್ಲು ಆರಿಸು ಅಂದ್ರೆ ಆಗಲ್ಲ, ಆಫೀಸಲ್ಲಿ ಮಾತ್ರ ಬೆಳಗ್ಗಿಂದ ಸಂಜೆ ತನಕ ಅದೇ ಕೆಲಸ” ಎಂದು ಅಮ್ಮನ ಗೊಣಗಾಟ ನಡೆದೇ ಇದೆ.

ಅಪ್ಪನ ಪುಟ ಸಿಕ್ಕಿತು. “212. ಕೊರಕಲಿನ ಮೇಲಿನ ಅಂಚು. ಮರಳು ಮತ್ತು ಕೆಸರಿನ ಪದರಗಳು. ದಪ್ಪ ಕಣ ಕೆಳಗೆ, ನಯ ಮೇಲೆ. ನೆಟ್ಟಗಿವೆ.” ಇಷ್ಟು ಬರೆದಿದ್ದಾರೆ.

ಆದರೆ ಶೋಧದ ತೂತು ನಿಲ್ಲಿಸಬೇಡ. ಒಂದೇ ಒಂದು ಕಲ್ಲನ್ನು ನಂಬಿ ಆರುನೂರು ಮೀಟರ್ ಕುರುಡಾಗಿ ಹೋಗುವುದು ಸರಿಯಲ್ಲ. ನಿನಗೆ ಗೊತ್ತಿರುವುದನ್ನೇ ಹೇಳುತ್ತೇನೆ, ತಲೆ ತಿನ್ನುತ್ತಾಳೆ ಎಂದುಕೋ. ಆ ಬೆಟ್ಟಗಳು ಒಮ್ಮೆ ಕಡಲಿನ ತಳವಾಗಿದ್ದವು. ಹೊಳೆಗಳು ತಂದು ಸುರಿದಾಗಲೆಲ್ಲ ದಪ್ಪ ಮರಳು ಮೊದಲು ತಳ ಸೇರಿತು, ನಯವಾದ ಕೆಸರು ಆಮೇಲೆ ಅದರ ಮೇಲೆ ಇಳಿಯಿತು. ಹಾಗೆ ಸಾವಿರಾರು ಪದರ. ಆಮೇಲೆ ಎರಡೂ ಕಡೆಯ ನೆಲ ಹತ್ತಿರ ಹತ್ತಿರ ಬಂದು ಕಡಲು ಮುಚ್ಚಿತು, ಪದರಗಳು ನಡುವೆ ಸಿಕ್ಕಿ ಮೇಲೆದ್ದವು. ಒಂದು ನೆಲ ಇನ್ನೊಂದರ ಮೇಲೆ ಹತ್ತಿ ಜಾರಿದ ಜಾಗದಲ್ಲಿ ಬಂಡೆ ಅರೆದು ಹಿಟ್ಟಾಯಿತು. ಅದೇ ನಿನ್ನ ಹಿಟ್ಟುಗಲ್ಲು. ಅಷ್ಟಕ್ಕೇ ಮುಗಿಯಲಿಲ್ಲ. ಕೋಟ್ಯಂತರ ವರ್ಷ ಬಿಟ್ಟು ಇನ್ನೊಂದು ನೂಕು ಬಂತು, ಮಡಿಕೆಯನ್ನೇ ಮತ್ತೆ ಮಡಿಸಿತು. ಗೋಡೆಗೆ ಒತ್ತಿ ನೂಕಿದ ಕಂಬಳಿಯ ಮಡಿಕೆ ವಾಲಿ ಬಿದ್ದರೆ ಮೇಲಿನ ಮಗ್ಗುಲು ಕೆಳಗಾಗುತ್ತದೆ. ಎಲ್ಲಿ ಪದರ ತಲೆಕೆಳಗಾಗಿದೆಯೋ ಅಲ್ಲಿ ಹಿಟ್ಟುಗಲ್ಲೂ ಅದರ ಜೊತೆಗೇ ಬಾಗಿ ಕೆಳಗೆ ಇಳಿದಿರುತ್ತದೆ. ಅದರ ಹಿಂದೆ ನೀರು ಎಷ್ಟು ಕಾಲದಿಂದ ಒತ್ತಿಕೊಂಡು ನಿಂತಿದೆಯೋ ಯಾರಿಗೆ ಗೊತ್ತು.

ಆದ್ದರಿಂದ ಬರೆದುಕೊಡಬೇಡ. ಅಕ್ಕ ಹೇಳಿದಳು ಎಂದಾದರೂ ಬೇಡ.

ಅಕ್ಕ

(ಪುಟದ ಅಂಚಿನಲ್ಲಿ, ಬೇರೆ ಅಕ್ಷರ:) ಮಗನೇ, ಕಾಲು ಒದ್ದೆ ಇಟ್ಕೋಬೇಡ. ಇವಳು ನಾಲ್ಕು ದಿನದಿಂದ ಸರಿಯಾಗಿ ಊಟ ಮಾಡ್ತಿಲ್ಲ, ಕೇಳಿದರೆ ಗುರ್ ಅಂತಾಳೆ. ನೀನಾದರೂ ಕೇಳು. ಅಮ್ಮ.

ಜನವರಿ 19, 1984

ಅಕ್ಕನಿಗೆ,

ನಿನ್ನ ಪಾಠ ತಲುಪಿತು. ನಾನು ಇದೇ ಭೂವಿಜ್ಞಾನದಲ್ಲಿ ಎಂ.ಎಸ್ಸಿ. ಮಾಡಿರುವುದು ನಿನಗೆ ಮರೆತಂತಿದೆ.

ಸಿಟ್ಟು ಮಾಡಿಕೊಳ್ಳಬೇಡ, ಆದರೆ ನನಗೆ ಬೇಜಾರಾಗಿದೆ. ‘ಒಂದೇ ಕಲ್ಲು’ ಎಂದು ಬರೆದಿದ್ದೀಯಲ್ಲ, ಅದು ಯಾರು ಆರಿಸಿದ ಕಲ್ಲು? ಅಪ್ಪ ಮೊಣಕಾಲು ಊದಿ ಮಲಗಿದ್ದಾಗ ಅವರು ನಂಬಿ ಕಳಿಸಿದ್ದು ನಿನ್ನನ್ನು. ಕೊರಕಲಿನ ಉಳಿದ ಭಾಗವೆಲ್ಲ ಮಣ್ಣು, ಪೊದೆ, ಉದುರುಗಲ್ಲು. ಪದರ ಕಣ್ಣಿಗೆ ಕಾಣುವುದು ಆ ಒಂದು ಅಂಚಿನಲ್ಲೇ. ಆ ಬೇಸಿಗೆಯ ನಂತರ ನೀನು ಬೆಟ್ಟಕ್ಕೆ ಹೋಗಲೇ ಇಲ್ಲ. ಅಪ್ಪ ಎಷ್ಟು ಕರೆದರೂ ಬರಲಿಲ್ಲ, ನೆಲಮಾಳಿಗೆ ಸೇರಿಕೊಂಡೆ. ಈಗ ನಾನು ಬೆಟ್ಟದಲ್ಲಿದ್ದೇನೆ ಎನ್ನುವುದು ನಿನಗೆ ಚುಚ್ಚುತ್ತಿದೆಯೇನೋ ಎಂದು ಒಮ್ಮೊಮ್ಮೆ ಅನಿಸುತ್ತದೆ. ಹೇಳಬಾರದಿತ್ತು, ಹೇಳಿಬಿಟ್ಟೆ.

ವರದಿ ಬರೆದುಕೊಟ್ಟಾಯಿತು. ನಿನ್ನ ಕಾಗದ ಬರುವ ಹಿಂದಿನ ದಿನವೇ. ಸುರಂಗ 1,464. ಗಟ್ಟಿಕಲ್ಲು, ಉಕ್ಕಿನ ಹಾಗಿದೆ.

ಅಮ್ಮ ಹೇಳಿದರು ಎಂದು ಕೇಳುತ್ತಿದ್ದೇನೆ: ಯಾಕೆ ಊಟ ಮಾಡುತ್ತಿಲ್ಲ?

ತಮ್ಮ

ಜನವರಿ 25, 1984

ತಮ್ಮಾ,

ನಿನ್ನ ಮಾತಿಗೆಲ್ಲ ಆಮೇಲೆ ಉತ್ತರ ಕೊಡುತ್ತೇನೆ. ಈಗ ಒಂದು ಕೆಲಸ ಮಾಡು. ಕೊರಕಲಿಗೆ ನೀನೇ ಹತ್ತು. ಮೇಲಿನ ಅಂಚಿನಲ್ಲಿ ಕೈಯಗಲದ ಒಂದು ಬಿಳಿಗಲ್ಲಿನ ಗೆರೆ ಪದರಗಳನ್ನು ಅಡ್ಡ ಕೊಯ್ದುಕೊಂಡು ಹೋಗುತ್ತದೆ. ಅದರ ಬಲಕ್ಕೆ ಸುತ್ತಿಗೆ ಏಟು ಬಿದ್ದ ಗುಳಿ ಇರಬೇಕು. ಆ ಗುಳಿಯ ಅಕ್ಕಪಕ್ಕದಲ್ಲಿ ದಪ್ಪ ಮರಳು ಕೆಳಗಿದೆಯೋ ಮೇಲಿದೆಯೋ ನೋಡಿ ಬರೆ. ಭೂತಗನ್ನಡಿ ಮರೆಯಬೇಡ. ಮಳೆ ಬಿಸಿಲಿಗೆ ಮೇಲ್ಮೈ ಮಸುಕಾಗಿರುತ್ತದೆ, ಸ್ವಲ್ಪ ಕೆತ್ತಿ ನೋಡು.

ಯಾಕೆ ಎಂದು ಕೇಳಬೇಡ. ಒಂದು ಬೆಳಗಿನ ಕೆಲಸ ಅಷ್ಟೇ.

ಅಕ್ಕ

ಫೆಬ್ರವರಿ 2, 1984

ಅಕ್ಕನಿಗೆ,

ಇದನ್ನು ನಿನ್ನ ಆಫೀಸಿನ ವಿಳಾಸಕ್ಕೆ ಹಾಕುತ್ತಿದ್ದೇನೆ. ಅಮ್ಮನಿಗೆ ಓದಬೇಡ.

ಕೊರಕಲಿಗೆ ಹೋಗಿಲ್ಲ. ಬೆಳಗ್ಗೆ ಬಿಡುವಿಲ್ಲ ಎಂದು ಬರೆಯೋಣ ಎಂದುಕೊಂಡೆ, ಸುಳ್ಳಾಗುತ್ತದೆ. ವರದಿ ಕೊಟ್ಟ ಮೇಲೆ ಹಗ್ಗ ಹೆಗಲಿಗೆ ಹಾಕಿಕೊಂಡು ಅಲ್ಲಿಗೆ ಹೊರಟರೆ ನಾಲ್ಕು ಜನ ನೋಡುತ್ತಾರೆ. ಈಗ ಯಾಕೆ ಹೊರಟರು ಎಂದು ಕೇಳುತ್ತಾರೆ.

ಸುರಂಗ 1,590. ಮೂರು ದಿನದಿಂದ ಮುಖದಲ್ಲಿ ನೀರು ಜಿನುಗುತ್ತಿದೆ. ಧಾರೆಯಲ್ಲ, ಬೆವರಿನ ಹಾಗೆ. ಆದರೆ ಕೈಗೆ ಬೆಚ್ಚಗೆ ಹತ್ತುತ್ತದೆ. ಸಾಹೇಬರಿಗೆ ತೋರಿಸಿದೆ. “ಬೆಟ್ಟ ಅಂದ್ಮೇಲೆ ಬೆವರಲ್ವೇನ್ರೀ? ನಿಮ್ಮ ವರದಿಗೆ ನೀವೇ ಹೆದರ್ತೀರಾ?” ಎಂದು ನಕ್ಕರು. ಮೇಸ್ತ್ರಿ ನಗಲಿಲ್ಲ. ನಿನ್ನೆ ಸಲಾಕೆ ತಟ್ಟಿ ಬಹಳ ಹೊತ್ತು ಗೋಡೆಗೆ ಕಿವಿ ಇಟ್ಟು ನಿಂತಿದ್ದರು. “ಏನ್ ಹೇಳ್ತಿದೆ?” ಎಂದೆ. “ಏನೂ ಹೇಳ್ತಿಲ್ಲ ಸಾರ್. ಅದಕ್ಕೇ ಭಯ. ಇಷ್ಟು ದಿನ ಹೇಳ್ತಿತ್ತು” ಎಂದರು. ಆಮೇಲೆ ಎಂದಿನಂತೆ, “ನೀವಂತೂ ನೋಡಿದ್ದೀರಲ್ಲ?” ನಾನು ನೋಡಿದ್ದೀನಿ ಎಂದೆ. ಹತ್ತೊಂಬತ್ತು ಬಿಲ್ಲೆ ಹಲಗೆ ಮೇಲೆ ಟಕಟಕ ಎಂದು ಬಿದ್ದವು. ಆ ಸದ್ದು ಊಟಕ್ಕೆ ಕೂತರೂ ಕಿವಿಯಲ್ಲಿರುತ್ತದೆ.

ನಿನಗೆ ಏನೋ ಗೊತ್ತು. ನೀನು ಅಂಚು, ಗುಳಿ, ಬಿಳಿ ಗೆರೆ ಎಲ್ಲ ಅಷ್ಟು ಕರಾರುವಾಕ್ಕಾಗಿ ಬರೆದಿದ್ದೀಯ, ಹದಿನಾರು ವರ್ಷ ದಿನಾ ನೋಡಿಕೊಂಡು ಬಂದವರ ಹಾಗೆ. ಏನದು? ಹೇಳಿಬಿಡು ಅಕ್ಕ.

ತಮ್ಮ

ಫೆಬ್ರವರಿ 5, 1984

ತಮ್ಮಾ,

ಬೆಳಗ್ಗೆ ಹತ್ತಕ್ಕೆ ನಿನ್ನ ಕಾಗದ ಬಂತು. ಆಗಲೇ ಟ್ರಂಕ್ ಕಾಲ್ ಬುಕ್ ಮಾಡಿದೆ, ಮೂರು ಗಂಟೆಯಾಯಿತು, ಲೈನು ಸಿಗುತ್ತಿಲ್ಲ. ತಂತಿ ಕೊಟ್ಟು ಬಂದೆ: ‘ಶೋಧದ ತೂತು ಕೊರೆಸು. ಕಾಗದ ಬರುತ್ತಿದೆ.’ ಈಗ ಉಗ್ರಾಣದ ಬಾಗಿಲು ಹಾಕಿಕೊಂಡು ಬರೆಯುತ್ತಿದ್ದೇನೆ. ಅವಸರದ ಅಕ್ಷರ, ನೋಡಿ ನಗಬೇಡ.

ಅವತ್ತು ಮಧ್ಯಾಹ್ನ ಮೋಡ ಕವಿದಿತ್ತು. ಅಂಚಿನ ಮೇಲೆ ಒಂದು ಪಾದ ಇಡುವಷ್ಟೇ ಜಾಗ. ಎಡಗೈಯಲ್ಲಿ ಹಗ್ಗ, ಬಲಗೈಯಲ್ಲಿ ಸುತ್ತಿಗೆ, ಬಾಣ ಬರೆಯುವ ಬಣ್ಣದ ಸೀಸದಕಡ್ಡಿ ಬೆನ್ನಿನ ಚೀಲದಲ್ಲಿ. ಅದನ್ನು ತೆಗೆಯಬೇಕಾದರೆ ಕೆಳಗಿಳಿದು ಮತ್ತೆ ಹತ್ತಬೇಕು. ಮೊದಲ ಹನಿ ಬಿತ್ತು. ಒಡೆದು ಕೈಯಲ್ಲಿ ಹಿಡಿದುಕೊಂಡೇ ಬಾಣ ಬರೆದರಾಯಿತು, ಯಾವ ಕಡೆ ಮೇಲೆ ಎನ್ನುವುದು ಮರೆತುಹೋಗುತ್ತದೆಯೇ ಎಂದುಕೊಂಡೆ. ಹೊಡೆದೆ. ಕಲ್ಲು ಎದ್ದು ಬಂತು, ಆದರೆ ಕೈಗೆ ಸಿಗಲಿಲ್ಲ. ಉರುಳಿಕೊಂಡು ಕೆಳಗಿನ ಪೊದೆಗೆ ಬಿತ್ತು.

ಇಳಿದು ಹುಡುಕಿದೆ. ಸಿಕ್ಕಿತು. ಯಾವುದು ಮೇಲಿತ್ತು, ಯಾವುದು ಕೆಳಗಿತ್ತು, ದೇವರಾಣೆಗೂ ಗೊತ್ತಾಗಲಿಲ್ಲ. ಮತ್ತೆ ಹತ್ತಿ ಗುಳಿಗೆ ಕೂರಿಸಿ ನೋಡಬಹುದಿತ್ತು. ಮಳೆ ಜೋರಾಯಿತು, ಬಂಡೆ ಜಾರುತ್ತಿತ್ತು, ನನಗೆ ಹೆದರಿಕೆಯಾಯಿತು. ಬೆಳಗ್ಗೆಯಿಂದ ನೋಡಿದ ಎಲ್ಲ ಕಲ್ಲಿನಲ್ಲೂ ನಯವಾದ ಮಗ್ಗುಲೇ ಮೇಲಿತ್ತು. ಇದೂ ಹಾಗೇ ಇರಬೇಕು ಎಂದು ನಯವಾದ ಕಡೆಗೆ ಬಾಣ ಬರೆದುಬಿಟ್ಟೆ.

ಇನ್ನೊಂದು ವಿಷಯ. ನಿನಗೆ ಕಳಿಸಿದ ನಕಲಿನಲ್ಲಿ ನಾನು ಒಂದು ಸಾಲು ಬಿಟ್ಟಿದ್ದೆ. 212ರ ಕೆಳಗೆ ಅಪ್ಪ ಪೆನ್ಸಿಲ್ಲಿನಲ್ಲಿ ಬರೆದದ್ದು ಇದು: “ಬಾಣ ಮೊದಲೇ ಹಾಕಿದೆಯಾ ಎಂದು ಕೇಳಿದೆ. ಮಗಳು ಹೌದು ಎಂದಳು.”

ಅವರು ಕೇಳಿದ್ದು ನಿಜ. ಊಟದ ತಟ್ಟೆಯ ಮುಂದೆ. ಆ ಕಲ್ಲು ಅವರ ಲೆಕ್ಕಕ್ಕೆ ಹೊಂದಿರಲಿಲ್ಲವೇನೋ, ದೀಪದ ಹತ್ತಿರ ಹಿಡಿದು ತಿರುಗಿಸಿ ತಿರುಗಿಸಿ ನೋಡುತ್ತಿದ್ದರು. ನಾನು “ಹೌದಪ್ಪ” ಎಂದೆ. ಅವರು ನಕ್ಕು ತಲೆ ಸವರಿದರು. ನಕ್ಷೆಯ ಆ ಭಾಗ ನನ್ನ ಆ ಒಂದು ಮಾತಿನ ಮೇಲೆ ನಿಂತಿದೆ. ಆಮೇಲೆ ಬೆಟ್ಟಕ್ಕೆ ಯಾವ ಮುಖ ಹೊತ್ತು ಹೋಗಲಿ? ನಿನಗೆ ನನ್ನ ಮೇಲೆ ಹೊಟ್ಟೆಕಿಚ್ಚಿತ್ತು. ನಾನು ಸುತ್ತಿಗೆಯನ್ನು ಮತ್ತೆ ಕೈಯಲ್ಲಿ ಹಿಡಿಯಲೇ ಇಲ್ಲ. ಅಪ್ಪ ಸಾಯುವ ಹಿಂದಿನ ವಾರ ಹೇಳಿಬಿಡಬೇಕೆಂದು ಅವರ ಮಂಚದ ಹತ್ತಿರ ಎರಡು ಸಲ ಹೋದೆ. ಎರಡು ಸಲವೂ “ನೀರು ಬೇಕಾ?” ಎಂದು ಕೇಳಿ ವಾಪಸು ಬಂದೆ.

ನಿನ್ನ ಮೊದಲ ಕಾಗದ ಬಂದ ದಿನ ಹದಿನಾರು ವರ್ಷದ ಮೇಲೆ ಆ ಕಲ್ಲನ್ನು ಡ್ರಾಯರಿನಿಂದ ತೆಗೆದೆ. ದಪ್ಪ ಮರಳಿನ ಮಗ್ಗುಲಲ್ಲಿ ಬೂದುಬಣ್ಣದ ಕಲೆಗಳಿವೆ, ಒಣಗಿದ ಕಲ್ಲುಹೂವು. ಕಲ್ಲುಹೂವು ಬಿಸಿಲು ಬೀಳುವ ಕಡೆ ಬೆಳೆಯುತ್ತದೆ. ಹಾಗಾದರೆ ಆಕಾಶ ನೋಡುತ್ತಿದ್ದದ್ದು ದಪ್ಪ ಮರಳಿನ ಮಗ್ಗುಲು. ನನ್ನ ಬಾಣ ತಲೆಕೆಳಗು, ಆ ಪದರಗಳು ತಲೆಕೆಳಗು, ಹಿಟ್ಟುಗಲ್ಲು ನಿಮ್ಮ ಮುಂದೆಯೇ ಇದೆ. ಆದರೂ ಒಂದು ಕಲೆಯನ್ನು ನೋಡಿ ಆಣೆ ಇಡಲು ಆಗದು ಎಂದು ನನಗೆ ನಾನೇ ಹೇಳಿಕೊಂಡು ಒಂದು ತಿಂಗಳು ಸುಮ್ಮನಿದ್ದೆ.

ಕಲ್ಲನ್ನು ಇದರ ಜೊತೆ ಪಾರ್ಸಲ್ ಮಾಡಿದ್ದೇನೆ. ಬಿಳಿ ಗೆರೆ ಅದರ ಮೈಮೇಲೂ ಇದೆ. ಗುಳಿಗೆ ಹಿಡಿದು ನೋಡು, ಗೆರೆಗೆ ಗೆರೆ ಕೂಡಲೇಬೇಕು. ಅಷ್ಟಕ್ಕೂ ಕಾಯಬೇಡ. ಈ ಕಾಗದವನ್ನು ದೊಡ್ಡ ಸಾಹೇಬರ ಮೇಜಿನ ಮೇಲಿಡು. ನನ್ನ ಹೆಸರಿಗೆ ಏನಾದರೂ ಆಗಲಿ, ಅಪ್ಪನ ಹೆಸರಿಗೂ ಆಗಲಿ. ಹತ್ತೊಂಬತ್ತು ಬಿಲ್ಲೆ ಎಂದು ಬರೆದೆಯಲ್ಲ, ನನ್ನ ಕಣ್ಣ ಮುಂದೆ ಅದೇ ಇದೆ.

ಅಕ್ಕ

ಫೆಬ್ರವರಿ 11, 1984

ತಮ್ಮಾ,

ಪಾರ್ಸಲ್ ಎಂಟಕ್ಕೆ ತಲುಪಿರಬೇಕು. ಮೂರು ದಿನವಾಯಿತು, ಒಂದು ಸುದ್ದಿ ಇಲ್ಲ.

ನಿನ್ನೆ ಸಂಜೆಯಿಂದ ಫೋನು ಮಾಡುತ್ತಿದ್ದೇನೆ. ಎಕ್ಸ್‌ಚೇಂಜಿನವಳು ಮೊದಲು ‘ಲೈನು ಬಿಜಿ’ ಎಂದಳು. ಇವತ್ತು ಬೆಳಗ್ಗೆ, “ಮೇಡಂ, ಆ ಲೈನೇ ಸತ್ತಿದೆ. ಕಂಬಗಳೇ ಬಿದ್ದಿವೆಯಂತೆ” ಎಂದಳು. ಯಾಕೆ ಬಿದ್ದವು ಎಂದರೆ ಗೊತ್ತಿಲ್ಲವಂತೆ. ಆ ಹುಡುಗಿಯ ಮೇಲೆ ಕೂಗಾಡಿದೆ. ಆಮೇಲೆ ಕ್ಷಮಿಸಮ್ಮ ಎಂದೆ.

ಅಮ್ಮನಿಗೆ ಏನೂ ಹೇಳಿಲ್ಲ. ಮೂರನೆಯ ಸ್ವೆಟರಿನ ತೋಳು ಹಾಕುತ್ತಿದ್ದಾರೆ, ನನ್ನ ಬೆನ್ನ ಮೇಲೆ ಅಳತೆ ನೋಡುತ್ತಾರೆ. ನಾನು ನಿಂತಿರುತ್ತೇನೆ.

ಈ ಕಾಗದ ಯಾರ ಕೈಗಾದರೂ ಸಿಕ್ಕಿ ಅವರು ನನ್ನ ತಮ್ಮನಲ್ಲದಿದ್ದರೆ, ದಯವಿಟ್ಟು ಎರಡು ಸಾಲು ಬರೆಯಿರಿ. ಏನಿದ್ದರೂ ಬರೆಯಿರಿ.

ಫೆಬ್ರವರಿ 13, 1984

ಅಕ್ಕ,

ಬದುಕಿದ್ದೇನೆ. ಎಲ್ಲರೂ ಬದುಕಿದ್ದಾರೆ. ಇದನ್ನು ಮೊದಲು ಓದಿಕೋ, ಆಮೇಲೆ ಕೂತುಕೊಂಡು ಉಳಿದದ್ದು ಓದು. ಆಸ್ಪತ್ರೆಯ ಬೆಂಚಿನ ಮೇಲೆ ಕೂತು ಬರೆಯುತ್ತಿದ್ದೇನೆ. ನನಗೇನೂ ಆಗಿಲ್ಲ.

ತಂತಿ ಆರನೆಯ ತಾರೀಕು ಬಂತು. ಗುಮಾಸ್ತರು ಎಲ್ಲರೆದುರು ಜೋರಾಗಿ ಓದಿದರು, “ನಿಮ್ಮಕ್ಕನೂ ಇಂಜಿನಿಯರಾ?” ಎಂದು ಯಾರೋ ಕೇಳಿದರು, ನಾನೂ ನಕ್ಕೆ. ಕಾಗದ ಮತ್ತು ಕಲ್ಲು ಎಂಟರ ಬೆಳಗ್ಗೆ ಬಂದವು. ಓದಿದೆ. ಮಡಿಸಿ ಜೇಬಿನಲ್ಲಿಟ್ಟೆ. ಎರಡು ದಿನ ಜೇಬಿನಲ್ಲೇ ಇಟ್ಟೆ, ಅಕ್ಕ.

ಅಪ್ಪನ ಹೆಸರು ಉಳಿಸಲು ಎಂದು ನೀನು ಅಂದುಕೊಳ್ಳುತ್ತೀಯ. ಅಲ್ಲ. ನನ್ನ ವರದಿಯ ಕೊನೆಯ ಸಾಲು ಏನು ಗೊತ್ತಾ? ‘ಕೊರಕಲಿಗೆ ಖುದ್ದಾಗಿ ಹತ್ತಿ ಪದರಗಳನ್ನು ಪರಿಶೀಲಿಸಿದ್ದೇನೆ.’ ಅದರ ಕೆಳಗೆ ನನ್ನ ಸಹಿ. ನಾನು ಹತ್ತಿರಲಿಲ್ಲ. ಅಪ್ಪನ ನಕ್ಷೆ ಇತ್ತು, ನಿನ್ನ ಬಾಣ ಇತ್ತು, ಹತ್ತುವ ಅಗತ್ಯವೇನು ಎಂದುಕೊಂಡಿದ್ದೆ. ನಿನ್ನ ಕಾಗದ ತೋರಿಸಿದರೆ ನನ್ನ ಸುಳ್ಳೂ ಹೊರಗೆ ಬೀಳುತ್ತಿತ್ತು. ಸಾಹೇಬರು ಕೇಳಿದಾಗಲೂ ಹೌದು ಎಂದಿದ್ದೆ. ಮೇಸ್ತ್ರಿಗೆ ದಿನವೂ ಹೌದು ಎನ್ನುತ್ತಿದ್ದೆ. ನೀನು ಒಂದೇ ಸಲ ಹೇಳಿದ್ದೆ, ನಾನು ತಿಂಗಳಿಡೀ ಹೇಳಿದೆ.

ಆ ಎರಡು ದಿನದಲ್ಲಿ ಸುರಂಗ ಹದಿನೆಂಟು ಮೀಟರ್ ಮುಂದೆ ಹೋಯಿತು.

ಹತ್ತರ ಬೆಳಗ್ಗೆ ಮೇಸ್ತ್ರಿ ಎಂದಿನಂತೆ ಬಿಲ್ಲೆ ತೂಗುಹಾಕಲು ಕೈ ಎತ್ತಿ, “ಸಾರ್, ನೋಡಿದ್ದೀರಾ?” ಎಂದರು. ಬಾಯಿ ತೆರೆದೆ. ಹೌದು ಎನ್ನುವುದು ಹೊರಡಲಿಲ್ಲ. “ಇಲ್ಲ ಮೇಸ್ತ್ರಿ. ಯಾವತ್ತೂ ನೋಡಿಲ್ಲ” ಎಂದೆ. ಅವರು ಬೈಯಲಿಲ್ಲ. ಬಿಲ್ಲೆಯನ್ನು ಜೇಬಿಗೆ ಹಾಕಿಕೊಂಡು, “ಹಂಗಾದ್ರೆ ನಡೀರಿ, ಇಬ್ರೂ ನೋಡ್ಕೊಂಡು ಬರೋಣ. ಅಲ್ಲಿ ತನಕ ಯಾರೂ ಒಳಗೆ ಹೋಗಲ್ಲ” ಎಂದರು.

ಕೊರಕಲು ಹತ್ತಲು ಎರಡು ಗಂಟೆ ಹಿಡಿಯಿತು. ಬಿಳಿ ಗೆರೆ ನೀನು ಹೇಳಿದಲ್ಲೇ ಇದೆ. ಬಲಕ್ಕೆ ಗುಳಿ, ಅಂಚೆಲ್ಲ ಮೊಂಡಾಗಿದೆ. ನಿನ್ನ ಬಾಣ ಮೇಲೆ ಮಾಡಿ ಕಲ್ಲನ್ನು ಹಿಡಿದೆ. ಕೂರಲಿಲ್ಲ. ಓರೆ ಮಾಡಿದೆ, ಒತ್ತಿದೆ, ಕೂರಲೇ ಇಲ್ಲ. ಮೇಸ್ತ್ರಿ ನನ್ನ ಕೈಯಿಂದ ಕಲ್ಲು ತೆಗೆದುಕೊಂಡು ತಲೆಕೆಳಗು ಮಾಡಿ ಗುಳಿಗೆ ಇಟ್ಟರು. ಡಬ್ಬಿಗೆ ಮುಚ್ಚಳ ಕೂತ ಹಾಗೆ ಕೂತಿತು. ಬಿಳಿ ಗೆರೆ ಬಂಡೆಯಿಂದ ಕಲ್ಲಿಗೆ, ಕಲ್ಲಿನಿಂದ ಬಂಡೆಗೆ ಎಲ್ಲೂ ಮುರಿಯದೆ ಹೋಯಿತು. ನಿನ್ನ ಬಾಣ ನೆಲ ನೋಡುತ್ತಿತ್ತು.

ಇಳಿದು ಬಂದು ನಿನ್ನ ಕಾಗದವನ್ನು ಸಾಹೇಬರ ಮೇಜಿನ ಮೇಲಿಟ್ಟೆ. ಓದಿ ಕನ್ನಡಕ ತೆಗೆದರು. “ಇದು ನಿಮ್ಮಕ್ಕನ ತಪ್ಪು. ನೀವು ಹತ್ತಿ ನೋಡಿದೀನಿ ಅಂತ ಬರೆದಿದ್ದು?” ಎಂದರು. “ಸುಳ್ಳು ಸಾರ್” ಎಂದೆ. ಆಮೇಲೆ ಅವರು ಆಡಿದ ಮಾತು ಇಲ್ಲಿ ಬರೆಯುವಂಥದ್ದಲ್ಲ, ಅಷ್ಟನ್ನೂ ಆಡುವ ಹಕ್ಕು ಅವರಿಗಿತ್ತು. ಆದರೆ ಬೈಯುತ್ತಲೇ ಸಿಡಿಸುವುದನ್ನು ನಿಲ್ಲಿಸಿ ಶೋಧದ ತೂತಿಗೆ ಅಪ್ಪಣೆ ಕೊಟ್ಟರು. ಇಪ್ಪತ್ತು ಮೀಟರ್ ಗಟ್ಟಿಗೋಡೆ ಉಳಿದಿದ್ದರೆ ಕಬ್ಬಿಣದ ಕೊಳವೆ ಕೂರಿಸಿ, ಅದಕ್ಕೆ ಕವಾಟ ಹಾಕಿ, ನೀರನ್ನು ನಿಧಾನಕ್ಕೆ ಇಳಿಸಬಹುದಿತ್ತು. ನಮ್ಮ ಮುಂದೆ ಉಳಿದದ್ದು ನಾಲ್ಕೇ ಮೀಟರ್ ಎಂದು ಯಾರಿಗೆ ಗೊತ್ತಿತ್ತು?

ಮೇಸ್ತ್ರಿ ಕಡಿಮೆ ಜನ ಸಾಕು ಎಂದು ಎಂಟೇ ಜನರನ್ನು ಕರೆದುಕೊಂಡು ಹೋದರು. ನಾನೂ ಹೊರಟೆ, ಅವರು ಎದೆಗೆ ಕೈ ಕೊಟ್ಟು ತಡೆದರು: “ನೀವು ಹಲಗೆ ಹತ್ರ ನಿಂತು ಬಿಲ್ಲೆ ಎಣಿಸಿ.” ಮಧ್ಯಾಹ್ನ ಮೂರೂವರೆಗೆ ಒಳಗಿನಿಂದ ಲಾರಿ ಮಗುಚಿದಂಥ ಸದ್ದು ಬಂತು. ಆಮೇಲೆ ಗಾಳಿ, ಆಮೇಲೆ ಓಡಿ ಬರುವ ಕಾಲುಗಳು. ಒಬ್ಬೊಬ್ಬರೇ ಬಿಲ್ಲೆ ಕಿತ್ತುಕೊಂಡು ಹೋದರು. ಆರು, ಏಳು, ಎಂಟು. ಹಿಂದೆಯೇ ನೀರು, ಕಲಸಿದ ಹಿಟ್ಟಿನ ಬಣ್ಣದ್ದು, ಮೊಣಕಾಲಿನವರೆಗೆ. ರಸ್ತೆ ಕೊಚ್ಚಿತು, ಫೋನಿನ ಕಂಬಗಳನ್ನು ಎಳೆದುಕೊಂಡು ಹೋಯಿತು. ಹಲಗೆಯ ಮೇಲೆ ಒಂದು ಬಿಲ್ಲೆ ಉಳಿಯಿತು.

ನಾಲ್ಕು ಗಂಟೆ ಹೊತ್ತು ಅದನ್ನು ನೋಡುತ್ತಾ ನಿಂತಿದ್ದೆ. ನೀರು ಇಳಿದ ಮೇಲೆ ಒಳಗೆ ಹೋದವರಿಗೆ ಮೇಸ್ತ್ರಿ ಕಲ್ಲು ಸಾಗಿಸುವ ಗಾಡಿಯ ಮೇಲೆ, ಸರಪಳಿಗೆ ತೋಳು ಸುತ್ತಿಕೊಂಡು ಕೂತಿದ್ದ ಸ್ಥಿತಿಯಲ್ಲಿ ಸಿಕ್ಕರು. ನೀರಿನ ಒತ್ತಡಕ್ಕೆ ಕೊರೆಯುವ ಸಲಾಕೆ ಹಿಂದಕ್ಕೆ ಹಾರಿತಂತೆ. ಉಳಿದವರನ್ನು ಓಡಿಸಿ ಅವರೊಬ್ಬರೇ ಅದಕ್ಕೆ ಅಡ್ಡ ನಿಂತಿದ್ದರು. ಬಲಗೈಯ ಎರಡು ಬೆರಳು ಹೋಗಿವೆ. ಸಲಾಕೆ ಹಿಡಿದು ಕಲ್ಲು ಕೇಳುತ್ತಿದ್ದ ಕೈ ಅದು.

ಇವತ್ತು ಬೆಳಗ್ಗೆ ಮಾತಾಡಿದರು. “ಮುಂದಿನ ಸಲ ನೀವು ನೋಡಿದ್ದೀನಿ ಅಂದ್ರೆ ನಂಬ್ಲಾ ಸಾರ್?” ಎಂದರು. “ನಂಬಬೇಡಿ, ನೀವೂ ಬಂದು ನೋಡಿ” ಎಂದೆ. ಅವರು ನಗಲು ಹೋಗಿ ಕೈ ನೋವಿಗೆ ಮುಖ ಕಿವುಚಿದರು. ನಾನು ಹೊರಗೆ ಬಂದು ಮಗುವಿನ ಹಾಗೆ ಅತ್ತೆ.

ನನ್ನನ್ನು ಕೆಲಸದಿಂದ ದೂರ ಇಟ್ಟಿದ್ದಾರೆ, ವಿಚಾರಣೆ ನಡೆಯುತ್ತದೆ. ನಿನ್ನ ಕಲ್ಲನ್ನು ವಾಪಸು ತಂದಿಲ್ಲ. ಕೂತಲ್ಲೇ ಬಿಟ್ಟು ಬಂದಿದ್ದೇನೆ.

ತಮ್ಮ

ಫೆಬ್ರವರಿ 18, 1984

ತಮ್ಮಾ,

ನಿನ್ನ ಕಾಗದವನ್ನು ಅಮ್ಮನಿಗೆ ಪೂರ್ತಿ ಓದಿದೆ. ನನ್ನ ಐದನೆಯ ತಾರೀಕಿನ ಕಾಗದದಲ್ಲಿದ್ದದ್ದನ್ನೂ ಹೇಳಿದೆ. ಏನನ್ನೂ ಬಿಡಲಿಲ್ಲ. ಅಮ್ಮ ಉಲ್ಲನ್ ಸುತ್ತಿಟ್ಟರು. ಬೈಯುತ್ತಾರೆ ಎಂದು ಕಾದೆ. “ಹದಿನಾರು ವರ್ಷ ಒಬ್ಬಳೇ ಹೊತ್ಕೊಂಡು ತಿರುಗಿದ್ಯಾ? ನನಗಾದ್ರೂ ಹೇಳ್ಬಾರ್ದಿತ್ತಾ?” ಎಂದರು. ಆಮೇಲೆ ಸ್ವೆಟರನ್ನು ಬಿಚ್ಚಿ ಮತ್ತೆ ಶುರು ಮಾಡಿದ್ದಾರೆ. ಮೇಸ್ತ್ರಿಯ ಎದೆಯಳತೆ ಎಷ್ಟಿರಬಹುದು ಎಂದು ಕೇಳುತ್ತಿದ್ದಾರೆ. ಮೀಸೆ ಅರ್ಧ ಕಿಲೋ ಎನ್ನುವುದಷ್ಟೇ ನನಗೆ ಗೊತ್ತು ಎಂದೆ.

ನಮ್ಮ ವಸ್ತುಸಂಗ್ರಹಾಲಯದ ನಿರ್ದೇಶಕರಿಗೂ ಬರೆದುಕೊಟ್ಟೆ. ನಕ್ಷೆಯ ಆ ಭಾಗ ಹಿಂದಕ್ಕೆ ತೆಗೆದುಕೊಳ್ಳುತ್ತಾರೆ, ಹೊಸದಾಗಿ ಅಳೆಯಬೇಕು. ನನ್ನ ಕೆಲಸ ಉಳಿಯುತ್ತದೋ ಇಲ್ಲವೋ ಮುಂದಿನ ತಿಂಗಳು ತಿಳಿಯುತ್ತದೆ. ಗುರುವಾರದ ಬಸ್ಸಿಗೆ ಬರುತ್ತೇನೆ. ಮೊದಲು ಆಸ್ಪತ್ರೆಗೆ. ಮೇಸ್ತ್ರಿಯ ಮುಂದೆ ನಿಂತು ಏನು ಹೇಳಬೇಕೋ ಗೊತ್ತಿಲ್ಲ, ಆದರೆ ಕಾಗದದಲ್ಲಿ ಹೇಳುವುದಿಲ್ಲ. ಆಮೇಲೆ ನಾವಿಬ್ಬರೂ ಕೊರಕಲಿಗೆ ಹತ್ತೋಣ. ಸುತ್ತಿಗೆ ನೀನು ತಾ. ಬಣ್ಣದ ಸೀಸದಕಡ್ಡಿ ನನ್ನ ಕೊರಳಿಗೇ ಕಟ್ಟಿಕೊಂಡು ಬರುತ್ತೇನೆ.

ಡ್ರಾಯರಿನಲ್ಲಿ 212ರ ಜಾಗ ಖಾಲಿ. ಚೀಟಿಯ ಮೇಲೆ ‘ಬೆಟ್ಟದಲ್ಲಿದೆ’ ಎಂದು ಬರೆದು ಅಲ್ಲಿಟ್ಟೆ.

ಇನ್ನೊಂದು ಕೆಲಸ ಉಳಿದಿತ್ತು, ಇವತ್ತು ಮಾಡಿದೆ. ಅಪ್ಪನ ಟಿಪ್ಪಣಿ ಪುಸ್ತಕ ತೆರೆದು ಆ ಪುಟ ತೆಗೆದೆ. ‘ಮಗಳು ಹೌದು ಎಂದಳು’ ಎನ್ನುವ ಪೆನ್ಸಿಲ್ ಸಾಲನ್ನು ಅಳಿಸಲಿಲ್ಲ. ಅದರ ಕೆಳಗೆ ಶಾಯಿಯಲ್ಲಿ ಇವತ್ತಿನ ತಾರೀಕು ಹಾಕಿ ಬರೆದೆ: ‘ಇಲ್ಲ ಅಪ್ಪ. ಸುತ್ತಿಗೆ ಮೊದಲು.’

ಅಕ್ಕ